ಹಿಟ್ಟಿನ ಜಾಹೀರಾತೂ ಹೆತ್ತವರ ರುಜುವೂ

ಮಕ್ಕಳ ಚಿತ್ರವನ್ನು ಸರಕಿನ ಮಾರಾಟಕ್ಕಾಗಿ ಅಚ್ಚು ಮಾಡಿಸುವವರು ಮೊದಲು ಹೆತ್ತವರ ಲಿಖಿತ ಸಮ್ಮತಿಯನ್ನು ಪಡೆಯತಕ್ಕದ್ದು ಎಂಬ ಕಟ್ಟಳೆ ಅಮೆರಿಕದ ನ್ಯೂಯಾರ್ಕ್ ಸಂಸ್ಥಾನದಲ್ಲಿ ಹುಟ್ಟಿದುದು ಹಿಟ್ಟಿನ ಗಿರಣಿಯೊಂದರ ದೆಸೆಯಿಂದ.

ಅಬಿಗೈಲ್ ರಾಬರ್ಸನ್ ಎಂಬ ಹುಡುಗಿ ಆಗಿನ್ನೂ ಅಪ್ರಾಪ್ತವಯಸ್ಕಳು. ಫ್ರಾಂಕ್ಲಿನ್ ಮಿಲ್ಸ್ ಕಂಪನಿಯ ಹಿಟ್ಟಿನ ಪ್ರಚಾರಕ್ಕಾಗಿ ಅವಳ ಭಾವಚಿತ್ರದ 25,000 ಪ್ರತಿಗಳು ಅವಳ ಅರಿವಿಲ್ಲದೆಯೇ ಅಚ್ಚಾದವು. ಅಂಗಡಿ, ಉಗ್ರಾಣ, ಮದ್ಯದಂಗಡಿಗಳಲ್ಲಿ ತೂಗಾಡಿದವು. ಚಿತ್ರವೇನೋ ಅಂದವಾಗಿಯೇ ಇದ್ದಿತು. ಆದರೆ ಗುರುತು ಹಿಡಿದವರ ಕುಚೋದ್ಯಕ್ಕೆ ನೊಂದು ಆಕೆ ಹಾಸಿಗೆ ಹಿಡಿದಳು. ಪಾಲಕರ ಮುಖಾಂತರ 15,000 ಡಾಲರುಗಳ ಪರಿಹಾರಕ್ಕೆ ದಾವೆ ಹೂಡಲಾಯಿತು. ಕೆಳಗಿನ ನ್ಯಾಯಾಲಯಗಳು ಆಕೆಯ ಪರವಾಗಿ ನಿಂತರೂ, 1902ರಲ್ಲಿ ಆ ಸಂಸ್ಥಾನದ ಅತ್ಯುನ್ನತ ನ್ಯಾಯಾಲಯವು ನಾಲ್ವರ ವಿರುದ್ಧ ಮೂವರೆಂಬಂತೆ ದಾವೆಯನ್ನು ತಳ್ಳಿಹಾಕಿತು. ಇಂಥ ಹಕ್ಕಿಗೆ ಪೂರ್ವಾಧಾರವಿಲ್ಲ, ಬೇಕಾದರೆ ಶಾಸನಸಭೆಯೇ ಕಾಯಿದೆ ಮಾಡಿಕೊಳ್ಳಲಿ ಎಂದರು ಮುಖ್ಯ ನ್ಯಾಯಾಧೀಶ ಆಲ್ಟನ್ ಪಾರ್ಕರ್.

ಜನರ ಆಕ್ರೋಶಕ್ಕೆ ಮಣಿದ ಶಾಸನಸಭೆ ಮರುವರ್ಷವೇ, 1903ರಲ್ಲಿ, ಹಾಗೆಯೇ ಮಾಡಿತು. ಬದುಕಿರುವ ಯಾರದೇ ಹೆಸರು, ಚಿತ್ರಗಳನ್ನು ಜಾಹೀರಾತಿಗೋ ವ್ಯಾಪಾರಕ್ಕೋ ಬಳಸಲು ಅವರ ಲಿಖಿತ ಸಮ್ಮತಿ ಬೇಕು, ಅಪ್ರಾಪ್ತರಾದರೆ ತಂದೆತಾಯಿಗಳ ಅಥವಾ ಪಾಲಕರ ಸಮ್ಮತಿ ಬೇಕು, ಮೀರಿದರೆ ಅಪರಾಧ. ಇಲ್ಲೊಂದು ವಿನೋದವುಂಟು. 1904ರಲ್ಲಿ ರಾಷ್ಟ್ರಾಧ್ಯಕ್ಷ ಪದವಿಗೆ ಸ್ಪರ್ಧಿಸಿದ ಇದೇ ಪಾರ್ಕರ್, ಛಾಯಾಚಿತ್ರಕಾರರು ತನ್ನ ಬೆನ್ನು ಬಿಡರೆಂದು ಗೊಣಗಿದರು. ಅಬಿಗೈಲಳು ಪತ್ರಿಕೆಯಲ್ಲಿ ಬಹಿರಂಗ ಪತ್ರ ಬರೆದು ಅವರಿಗೆ ಅವರದೇ ತೀರ್ಪನ್ನು ನೆನಪಿಸಿದಳು!

ಆದರೆ ಹೆತ್ತವರೇ ದುಡುಕಿ ರುಜು ಹಾಕಿದರೆ ಮಗುವಿನ ಗತಿಯೇನು? ಕಾಯಿದೆಯನ್ನು ರಚಿಸಿದವರು ಇದನ್ನು ಯೋಚಿಸಿದಂತೆ ಕಾಣದು. ಅಪ್ರಾಪ್ತರು ಮಾಡಿಕೊಂಡ ಕರಾರನ್ನು ಅವರು ಮುಂದೆ ನಿರಾಕರಿಸಬಹುದೆಂಬುದು ಹಳೆಯ ನ್ಯಾಯಪದ್ಧತಿ. ಹೆಸರಾಂತ ನಟಿಯೊಬ್ಬಳು, ತಾನು ಹತ್ತು ವರ್ಷದವಳಾಗಿದ್ದಾಗ ತಾಯಿಯ ಸಮ್ಮತಿಯಿಂದ ತೆಗೆದ ಚಿತ್ರಗಳ ಬಳಕೆಯನ್ನು ತಡೆಯಲು ಆ ಪದ್ಧತಿಯ ಮೊರೆಹೊಕ್ಕಳು. ಅದೇ ಉನ್ನತ ನ್ಯಾಯಾಲಯವು 1983ರಲ್ಲಿ, ಮತ್ತೆ ನಾಲ್ವರು ಮೂವರೆಂಬಂತೆಯೇ, ಆಕೆಯ ವಾದವನ್ನು ಒಪ್ಪಲಿಲ್ಲ. ಸಮ್ಮತಿಯ ಅಧಿಕಾರವನ್ನು 1903ರ ಕಾಯಿದೆಯೇ ಹೆತ್ತವರಿಗೆ ಕೊಟ್ಟಿರುವಾಗ ಮಗು ಅದನ್ನು ಮುರಿಯುವಂತಿಲ್ಲ ಎಂಬುದು ತೀರ್ಪು. ಬೇಲಿಯೆಂದು ಹಾಕಿದ್ದೇ ಮಗುವಿನ ಪಾಲಿಗೆ ಸಂಕೋಲೆಯಾಯಿತೆಂದು ನನಗೆ ತೋರುತ್ತದೆ.

ರುಜುವಿನಾಚೆಗೆ, ಮಗುವಿನ ದುಡಿಮೆಯ ಕಡೆಗೆ, ಆ ಸಂಸ್ಥಾನದ ಕಾಯಿದೆ ಕಣ್ಣು ಹೊರಳಿಸಿದ್ದು ತೀರ ಈಚೆಗೆ. ರಂಗಭೂಮಿ, ಚಲನಚಿತ್ರಗಳ ಬಾಲನಟರಿಗಿದ್ದ ರಕ್ಷಣೆಯನ್ನು ಪತ್ರಿಕೆಗಳ ಚಿತ್ರಗಳಿಗೆ ನಿಲ್ಲುವ ಹದಿನೆಂಟು ತುಂಬದ ಮಕ್ಕಳಿಗೂ 2013ರಲ್ಲಿ ವಿಸ್ತರಿಸಲಾಯಿತು. ಕಾರ್ಮಿಕ ಇಲಾಖೆಯ ಪರವಾನಗಿ ಬೇಕು. ಗಳಿಕೆಯಲ್ಲಿ ಶೇಕಡಾ 15ರಷ್ಟಾದರೂ ಮಗುವಿನ ಹೆಸರಿನ ನಿಧಿಯಲ್ಲಿ ಉಳಿಯಬೇಕು. ಕೆಲಸದ ಸಲುವಾಗಿ ದಿನಗಟ್ಟಲೆ ಶಾಲೆ ತಪ್ಪಿದರೆ, ಪಾಠ ಹೇಳಲು ಉಪಾಧ್ಯಾಯರನ್ನು ಒದಗಿಸುವ ಹೊಣೆ ಕೆಲಸ ಕೊಟ್ಟವರದು.