ಕಣ್ಣೀರಿಗೂ ಕಂದಾಯ: ದಕ್ಷಿಣ ಸಮುದ್ರದ ಜ್ಯಾವೊರೆನ್ ಕಥೆಗಳ ಚರಿತ್ರೆ

ಮುತ್ತು ಹೇಗೆ ಹುಟ್ಟುತ್ತದೆ ಎಂದರೆ ನಮ್ಮವರು ಸ್ವಾತಿ ಮಳೆಯ ಹನಿಯನ್ನು ತೋರಿಸುತ್ತಾರೆ. ರೋಮಿನ ಪ್ಲಿನಿ ಅದನ್ನು ಇಬ್ಬನಿಯ ಕೂಸು ಎಂದು ಬರೆದ. ಎರಡೂ ಆಕಾಶದಿಂದ ಇಳಿದ ನೀರು. ಪ್ರಾಚೀನ ಚೀನಾದ ಕಥೆಗಾರರು ಮಾತ್ರ ಮುತ್ತಿನ ಮೂಲವನ್ನು ಅಳುವ ಕಣ್ಣಿನಲ್ಲಿ ಕಂಡರು. ಆ ಕಣ್ಣುಗಳು ‘ಜ್ಯಾವೊರೆನ್’ ಎಂಬ ಜಲವಾಸಿ ಜನರವು.

ನಾಲ್ಕನೆಯ ಶತಮಾನದಲ್ಲಿ ಗಾನ್ ಬಾವೊ ಸಂಗ್ರಹಿಸಿದ ‘ಸೌಶೆನ್ ಜಿ’ ಎಂಬ ಅದ್ಭುತ ಕಥೆಗಳ ಗ್ರಂಥದಲ್ಲಿ ಇವರಿಗೆ ಸಿಕ್ಕಿರುವ ಜಾಗ ಬಹಳ ಸಣ್ಣದು. ದಕ್ಷಿಣ ಸಮುದ್ರದಾಚೆ ಅವರು ಮೀನಿನಂತೆ ನೀರಿನಲ್ಲೇ ಬಾಳುತ್ತಾರೆ, ನೂಲುವುದನ್ನೂ ನೇಯುವುದನ್ನೂ ಬಿಡುವುದಿಲ್ಲ, ಅತ್ತರೆ ಕಣ್ಣಿನಿಂದ ಮುತ್ತು ಉದುರುತ್ತದೆ. ಇಷ್ಟೇ. ಮುತ್ತಿನ ಬೆರಗಿನಲ್ಲಿ ಮಗ್ಗವನ್ನು ಮರೆಯಬಾರದು. ನಾವಿಕರನ್ನು ಮರುಳು ಮಾಡುವ ಮತ್ಸ್ಯಕನ್ಯೆಯರಿಗೂ ಇವರಿಗೂ ಸಂಬಂಧವಿಲ್ಲ. ಇವರು ದುಡಿಯುವ ಜನ. ರೆನ್ ಫಾಂಗ್‌ನ ಹೆಸರಿನಲ್ಲಿರುವ ‘ಶುಯಿ ಜಿ’ ಅವರು ನೇಯ್ದ ಬಟ್ಟೆಯ ಬೆಲೆಯನ್ನೂ ಹೇಳುತ್ತದೆ: ನೂರು ಹೊನ್ನಿಗೂ ಮೇಲೆ. ಅದನ್ನು ಉಟ್ಟು ನೀರಿಗಿಳಿದರೂ ಒದ್ದೆಯಾಗುವುದಿಲ್ಲವಂತೆ.

ಕಥೆ ಗಾನ್ ಬಾವೊನಿಗಿಂತ ಹಳೆಯದು. ಮೂರನೆಯ ಶತಮಾನದ ಝುವೊ ಸಿ, ವು ರಾಜ್ಯದ ರಾಜಧಾನಿಯನ್ನು ವರ್ಣಿಸಿದ ಕಾವ್ಯದಲ್ಲಿ ಅವರ ನೇಯ್ಗೆ ಮತ್ತು ಅಳು ಎರಡನ್ನೂ ಒಟ್ಟಿಗೇ ತಂದಿದ್ದಾನೆ. ಮೂರು ರಾಜಧಾನಿಗಳ ಮೇಲಿನ ಅವನ ಆ ಕಾವ್ಯವನ್ನು ನಕಲು ಮಾಡಿಕೊಳ್ಳುವವರ ನೂಕುನುಗ್ಗಲಿಗೆ ಲುವೊಯಾಂಗ್ ನಗರದಲ್ಲಿ ಕಾಗದದ ಬೆಲೆಯೇ ಏರಿತೆಂದು ಚರಿತ್ರೆಕಾರರು ಬರೆದಿದ್ದಾರೆ. ಅದೇ ಶತಮಾನದ ಝಾಂಗ್ ಹುವಾನ ‘ಬೊವುಝಿ’ಯದೆಂದು 983ರಲ್ಲಿ ಮುಗಿದ ‘ತಾಯ್‌ಪಿಂಗ್ ಯುಲಾನ್’ ವಿಶ್ವಕೋಶ ಉಳಿಸಿಕೊಟ್ಟಿರುವ ಪ್ರಸಂಗವೊಂದಿದೆ. ನೀರಿನಿಂದ ಮೇಲೆದ್ದು ಬಂದ ಜ್ಯಾವೊರೆನ್ ಒಬ್ಬ ಯಾರದೋ ಮನೆಯಲ್ಲಿ ತಂಗಿ, ಹಲವು ದಿನ ರೇಷ್ಮೆ ಬಟ್ಟೆ ಮಾರುತ್ತಾನೆ. ಹೊರಡುವಾಗ ಮನೆಯವರಿಂದ ಒಂದು ಪಾತ್ರೆ ಕೇಳಿ ಪಡೆದು, ಅದರ ತುಂಬ ಅತ್ತು, ಮುತ್ತುಗಳನ್ನು ಅವರಿಗೇ ಕೊಟ್ಟು ಹೋಗುತ್ತಾನೆ. ಇಲ್ಲಿ ಯಾರೂ ಅವನನ್ನು ಅಳು ಎನ್ನಲಿಲ್ಲ. ಅನ್ನದ ಋಣವನ್ನು ತಾನಾಗಿಯೇ ತೀರಿಸಿದ್ದಾನೆ. ಮುಂದಿನ ಕಥೆಗಳಲ್ಲಿ ಈ ಸೌಜನ್ಯ ಉಳಿಯಲಿಲ್ಲ.

ಕಾರಣ ಹುಡುಕಬೇಕಾದರೆ ಹೆಪುವಿಗೆ ಹೋಗಬೇಕು. ಈಗಿನ ಗುವಾಂಗ್‌ಶಿ ಸ್ವಾಯತ್ತ ಪ್ರದೇಶದ ಈ ಕರಾವಳಿ ಸೀಮೆ ಹಾನ್ ಕಾಲದಿಂದಲೂ ಮುತ್ತಿಗೆ ಹೆಸರುವಾಸಿ. ಅಲ್ಲಿ ಧಾನ್ಯ ಬೆಳೆಯುತ್ತಿರಲಿಲ್ಲ. ಮುತ್ತು ಕೊಟ್ಟು ನೆರೆಯ ಜ್ಯಾವೊಝಿಯಿಂದ ಧಾನ್ಯ ತರಬೇಕಿತ್ತು. ಆಸೆಬುರುಕ ಅಧಿಕಾರಿಗಳು ಮಿತಿಯಿಲ್ಲದೆ ಮುತ್ತು ತೆಗೆಸಿದಾಗ ಚಿಪ್ಪುಗಳು ಜ್ಯಾವೊಝಿಯ ಗಡಿಗೆ ವಲಸೆ ಹೋದವು, ಬಡವರು ದಾರಿಯಲ್ಲೇ ಹಸಿದು ಸತ್ತರು, ಎರಡನೆಯ ಶತಮಾನದಲ್ಲಿ ಮೆಂಗ್ ಚಾಂಗ್ ಎಂಬ ಆಡಳಿತಗಾರ ಬಂದು ಪದ್ಧತಿ ಬದಲಿಸಿದ ಮೇಲೆ ವರ್ಷದೊಳಗೆ ಮರಳಿದವು ಎನ್ನುತ್ತದೆ ನಂತರದ ಹಾನರ ಇತಿಹಾಸ. ಹತ್ತನೆಯ ಶತಮಾನದಲ್ಲಿ ದಕ್ಷಿಣ ಹಾನ್ ರಾಜ ಲಿಯು ಚಾಂಗ್ ಮುತ್ತು ತೆಗೆಯಲೆಂದೇ ಸಾವಿರಾರು ಜನರ ಪಡೆ ಕಟ್ಟಿದ. ಮೈಗೆ ಕಲ್ಲು ಬಿಗಿದುಕೊಂಡು ಮುಳುಗುತ್ತಿದ್ದವರಲ್ಲಿ ಬಹಳ ಮಂದಿ ಮೇಲೆ ಬರಲೇ ಇಲ್ಲ. ಸೊಂಗ್ ವಂಶದ ಮೊದಲ ಚಕ್ರವರ್ತಿ ಆ ರಾಜ್ಯವನ್ನು ಗೆದ್ದ ಮೇಲೆ ಪಡೆಯನ್ನು ರದ್ದುಮಾಡಿದ.

ಜ್ಯಾವೊರೆನ್ ಕಥೆಯ ದಿಕ್ಕನ್ನು ತಿರುಗಿಸಿದವನು ತಾಂಗ್ ಕಾಲದ ಮಹಾಕವಿ ದು ಫು (712–770). ಬದುಕಿನ ಕೊನೆಯ ವರ್ಷಗಳ ಒಂದು ಪುಟ್ಟ ಕವನದಲ್ಲಿ ದಕ್ಷಿಣ ಸಮುದ್ರದಿಂದ ಬಂದ ಅತಿಥಿ ಅವನಿಗೆ ಜಲವಾಸಿಯ ಮುತ್ತೊಂದನ್ನು ಕೊಡುತ್ತಾನೆ. ಅದರೊಳಗೆ ಅಕ್ಷರಗಳ ನೆರಳು, ಓದಲಾಗದು. ಸರ್ಕಾರದವರು ಕೇಳಿದಾಗ ಕೊಡಲಾದೀತೆಂದು ಪೆಟ್ಟಿಗೆಯಲ್ಲಿಡುತ್ತಾನೆ. ಎಷ್ಟೋ ಕಾಲದ ಮೇಲೆ ತೆರೆದರೆ ಮುತ್ತು ರಕ್ತವಾಗಿದೆ. ತೆರಿಗೆಗೆ ಕೊಡಲು ಕೈಯಲ್ಲಿ ಏನೂ ಉಳಿದಿಲ್ಲ. ಉಡುಗೊರೆಯಾಗಿದ್ದ ಕಣ್ಣೀರು ಇಲ್ಲಿ ಕಂದಾಯದ ಲೆಕ್ಕಕ್ಕೆ ಸೇರಿತು. ಅದ್ಭುತ ಕಥೆಯ ಬೆನ್ನಿಗೇ ನಿಂತಿದ್ದ ಜನರ ನೋವನ್ನು ಇಷ್ಟು ನೇರವಾಗಿ ಕಂಡ ಇನ್ನೊಂದು ಪಠ್ಯ ಈ ಪರಂಪರೆಯಲ್ಲಿ ದುರ್ಲಭ.

1637ರಲ್ಲಿ ಪ್ರಕಟವಾದ ‘ತಿಯಾನ್‌ಗೊಂಗ್ ಕಾಯ್‌ವು’ ಎಂಬ ಕಸುಬುಗಳ ಗ್ರಂಥಕ್ಕೆ ಅದ್ಭುತಗಳು ಬೇಡ. ಮುತ್ತು ಹುಟ್ಟುವುದು ಚಿಪ್ಪಿನ ಹೊಟ್ಟೆಯಲ್ಲಿ, ಹಾವಿನಲ್ಲೋ ಡ್ರ್ಯಾಗನ್‌ನ ದವಡೆಯಲ್ಲೋ ಇದೆಯೆಂಬುದು ಸುಳ್ಳು ಎಂದು ಅದರ ಕರ್ತೃ ಸೊಂಗ್ ಯಿಂಗ್‌ಶಿಂಗ್ ಖಡಾಖಂಡಿತವಾಗಿ ಹೇಳುತ್ತಾನೆ. ಆದರೆ ಅವನು ವಿವರಿಸುವ ಮುಳುಗುಗಾರರು ಯಾವ ಕಲ್ಪನೆಗೂ ಕಡಿಮೆಯಿಲ್ಲ. ದೋಣಿಯಲ್ಲೇ ಬಾಳುವ ದಾನ್ ಜನ ಸೊಂಟಕ್ಕೆ ಉದ್ದನೆಯ ಹಗ್ಗ ಕಟ್ಟಿ, ಉಸಿರಿಗೆ ಬಾಗಿದ ತವರದ ಕೊಳವೆ ಇಟ್ಟುಕೊಂಡು, ಬುಟ್ಟಿ ಹಿಡಿದು ಇಳಿಯುತ್ತಾರೆ. ಮೇಲೆಳೆದ ಕೂಡಲೇ ಬಿಸಿ ಕಂಬಳಿ ಹೊದಿಸದಿದ್ದರೆ ಚಳಿಗೆ ಸಾಯುತ್ತಾರೆ. ಅದೃಷ್ಟವಿಲ್ಲದವರು ಮೀನಿನ ಪಾಲಾಗುತ್ತಾರೆ. ನೀರಿನಲ್ಲಿ ದುಡಿದು, ನೋವಿನಿಂದ ಮುತ್ತು ಕೊಡುವ ಜನ ದಕ್ಷಿಣ ಸಮುದ್ರದಲ್ಲಿ ನಿಜವಾಗಿಯೂ ಇದ್ದರು.

ಹದಿನೆಂಟನೆಯ ಶತಮಾನದ ಕೊನೆಗೆ ಶೆನ್ ಚಿಫೆಂಗ್ ತನ್ನ ‘ಶಿಯೆದುವೊ’ ಸಂಕಲನದಲ್ಲಿ ಈ ಕಥೆಯನ್ನು ಹೊಸದಾಗಿ ಹೇಳಿದ. ಕಡಲರಮನೆಯ ಮದುವೆಯ ಉಡುಪು ನೇಯುವಾಗ ಲಾಳಿ ಮುರಿದು ಗಡೀಪಾರಾದ ಜ್ಯಾವೊರೆನ್ ಒಬ್ಬನಿಗೆ ಜಿಂಗ್ ಎಂಬ ಯುವಕ ಆಶ್ರಯ ಕೊಡುತ್ತಾನೆ. ಮುಂದೆ ಜಿಂಗ್ ಮೆಚ್ಚಿದ ಹುಡುಗಿಗೆ ಹತ್ತು ಸಾವಿರ ಮುತ್ತಿನ ತೆರ ಕೇಳುತ್ತಾರೆ. ಚಿಂತೆಯಿಂದ ಹಾಸಿಗೆ ಹಿಡಿದ ಒಡೆಯನನ್ನು ಕಂಡು ಆಳಾಗಿದ್ದ ಜ್ಯಾವೊರೆನ್ ಅಳುತ್ತಾನೆ, ಮುತ್ತು ನೆಲದ ತುಂಬ ಹರಡುತ್ತದೆ. ಆದರೆ ಸಂಖ್ಯೆ ಸಾಲದು. ಇನ್ನಷ್ಟು ಅಳೆಂದು ಗೋಗರೆದಾಗ ಅವನು ಒಪ್ಪುವುದಿಲ್ಲ: ತಮ್ಮವರ ನಗುವೂ ಅಳುವೂ ಒಳಗಿನಿಂದ ಬರುವಂಥವು, ಮನುಷ್ಯರಂತೆ ಮುಖವಾಡ ಹಾಕಲು ಬಾರದು. ಕೊನೆಗೆ ಕಡಲು ಕಾಣುವ ಮಾಳಿಗೆ ಹತ್ತಿ, ಮದ್ಯ ಕುಡಿದು, ಊರು ನೆನೆದು ಅತ್ತಾಗಲೇ ಲೆಕ್ಕ ತುಂಬುತ್ತದೆ.

ಇದೇ ಕಥಾಹಂದರ ಜಪಾನಿನ ವೇಷದಲ್ಲಿ ಲಾಫ್ಕಾಡಿಯೊ ಹರ್ನ್ 1900ರಲ್ಲಿ ಪ್ರಕಟಿಸಿದ ‘ಶ್ಯಾಡೋಯಿಂಗ್ಸ್’ ಪುಸ್ತಕದಲ್ಲಿದೆ. ಅಲ್ಲಿ ಜಲವಾಸಿ ಸಿಗುವುದು ಬೀವಾ ಸರೋವರದ ಬಳಿಯ ಸೇತಾ ಸೇತುವೆಯ ಮೇಲೆ, ಹುಡುಗಿಯ ಹೆಸರು ತಮಾನಾ. ಬೇಡಿಕೆ ಹತ್ತು ಸಾವಿರವೇ, ಅಳು ಎಂದಾಗ ಅಳಲೊಲ್ಲದ ಹಟವೂ ಅದೇ. ಬದಲಾದದ್ದು ಕಣ್ಣೀರಿನ ಬಣ್ಣ: ಹರ್ನ್‌ನ ಜಲವಾಸಿ ರಕ್ತವನ್ನೇ ಅಳುತ್ತಾನೆ, ಅದು ನೆಲಕ್ಕೆ ಬಿದ್ದು ಮಾಣಿಕ್ಯವಾಗುತ್ತದೆ. ದು ಫುವಿನ ಪೆಟ್ಟಿಗೆಯಲ್ಲಿ ಮುತ್ತು ರಕ್ತವಾಗಿ ಕರಗಿ, ಕೇಳಿದವರಿಗೆ ದಕ್ಕದೆ ಹೋಗಿತ್ತು. ಇಲ್ಲಿ ರಕ್ತವೇ ಹರಳುಗಟ್ಟಿ ವಧುವಿನ ಮನೆ ಸೇರುತ್ತದೆ.