ಬಳ್ಳಾರಿಯ ತುರ್ಕಿ ಕೈದಿಗಳು

ಬಳ್ಳಾರಿ ಎಂದೊಡನೆ ನಮಗೆ ಕೋಟೆ, ಗಣಿ ಮತ್ತು ಬಿಸಿಲು ನೆನಪಾಗುತ್ತವೆ. ಪ್ರಥಮ ಮಹಾಯುದ್ಧದ ಕಾಲದಲ್ಲಿ ತುರ್ಕಿ ಸೈನಿಕರು ಇದೇ ಊರಿನಲ್ಲಿ ಯುದ್ಧಕೈದಿಗಳಾಗಿದ್ದರೆಂಬುದು ನಮ್ಮಲ್ಲಿ ಅನೇಕರಿಗೆ ತಿಳಿಯದು. ಆಗ ಬಳ್ಳಾರಿ ಮದ್ರಾಸ್ ಪ್ರಾಂತ್ಯಕ್ಕೆ ಸೇರಿದ್ದ, ದಂಡು ಪ್ರದೇಶವಿದ್ದ ಊರು. ಮೆಸಪೊಟೇಮಿಯಾದಲ್ಲಿ, ಅಂದರೆ ಇಂದಿನ ಇರಾಕಿನಲ್ಲಿ, ಬ್ರಿಟಿಷರಿಗೆ ಸೆರೆಸಿಕ್ಕ ಅನೇಕ ಉಸ್ಮಾನಿ ಸೈನಿಕರನ್ನು ಹಡಗಿನಲ್ಲಿ ತಂದು ಭಾರತ ಮತ್ತು ಬರ್ಮಾದ ಶಿಬಿರಗಳಲ್ಲಿ ಇರಿಸಲಾಯಿತು. ರಾಜಸ್ಥಾನದ ಸುಮೇರ್‌ಪುರ, ಬರ್ಮಾದ ಥಾಯೆಟ್‌ಮ್ಯೋಗಳಂತೆ ಬಳ್ಳಾರಿಯೂ ಅಂತಹ ಒಂದು ಶಿಬಿರ. 1917ರಲ್ಲಿ ಅಂತರರಾಷ್ಟ್ರೀಯ ರೆಡ್‌ಕ್ರಾಸ್ ಸಮಿತಿಯ ಪ್ರತಿನಿಧಿಗಳು ಈ ಶಿಬಿರಗಳನ್ನು ನೋಡಿ ವರದಿ ಬರೆದರು.

ಇಂತಹ ವರದಿಗಳಲ್ಲಿ ಊಟ, ನೀರು, ಹಾಸಿಗೆ, ಔಷಧಗಳ ಲೆಕ್ಕವಿರುತ್ತದೆ. ಮನಸ್ಸಿನ ಲೆಕ್ಕ ಬರೆದಿಟ್ಟವರು ಕಡಿಮೆ. ಅವರಲ್ಲಿ ಒಬ್ಬರು, ಇಂಗ್ಲೆಂಡಿನ ಶಿಬಿರಗಳನ್ನು ಕಂಡಿದ್ದ ಸ್ವಿಸ್ ವೈದ್ಯ ಅಡಾಲ್ಫ್ ಲೂಕಾಸ್ ವಿಷರ್. 1918ರಲ್ಲಿ ಪ್ರಕಟವಾದ ಅವರ ಪುಸ್ತಕದ ಹೆಸರೇ 'ಮುಳ್ಳುತಂತಿ ರೋಗ'. ಸಣ್ಣ ಮಾತಿಗೂ ಸಿಡುಕು, ಓದಿದ್ದು ತಲೆಗೆ ಹತ್ತದಿರುವುದು, ಗೊತ್ತಿದ್ದ ಹೆಸರುಗಳ ಮರೆವು, ಪರಸ್ಪರ ಸಂಶಯ, ನಿದ್ರೆಯಿಲ್ಲದ ರಾತ್ರಿ ಇವು ಅದರ ಲಕ್ಷಣಗಳು. ಆರು ತಿಂಗಳಿಗಿಂತ ಹೆಚ್ಚು ಕಾಲ ಸೆರೆಯಲ್ಲಿದ್ದವರಲ್ಲಿ ಇದರಿಂದ ಪೂರ್ಣವಾಗಿ ಪಾರಾದವರು ವಿರಳ ಎಂದು ಅವರು ಕಂಡರು. ಒಂದು ಗಳಿಗೆಯೂ ಒಬ್ಬನೇ ಇರಲಾಗದ ಗುಂಪಿನ ಬಾಳು, ಬಿಡುಗಡೆ ಯಾವಾಗ ಎಂಬುದು ತಿಳಿಯದಿರುವುದು ಇದಕ್ಕೆ ಕಾರಣ. ಕಳ್ಳನಿಗಾದರೂ ತನ್ನ ಶಿಕ್ಷೆ ಮುಗಿಯುವ ದಿನ ಗೊತ್ತಿರುತ್ತದೆ! 1918ರ ಅಕ್ಟೋಬರ್ 30ರಂದು ಮುದ್ರೋಸ್ ಕದನವಿರಾಮವಾದ ಮೇಲೂ ಅನೇಕ ತುರ್ಕಿ ಕೈದಿಗಳು 1920ರವರೆಗೆ ಊರು ಕಾಣಲಿಲ್ಲ.

ಸೆರೆ ಒಂದೇ ಪಕ್ಷದ್ದಾಗಿರಲಿಲ್ಲ. 1916ರ ಏಪ್ರಿಲ್ 29ರಂದು ಕೂತ್ ಪಟ್ಟಣ ಶರಣಾದಾಗ ಸುಮಾರು 13,000 ಜನ ತುರ್ಕರ ಕೈಸೆರೆಯಾದರು. ಅವರಲ್ಲಿ ಭಾರತೀಯರೇ ಹೆಚ್ಚು. ಅನೇಕರು ರಾಸ್ ಅಲ್ ಐನ್‌ನ ರೈಲು ಕಾಮಗಾರಿಯಲ್ಲಿ ದುಡಿದರು. ಬದುಕಿ ಬಂದವರ ಮನಸ್ಸನ್ನು ಕೇಳುವ ಪದ್ಧತಿ ಆಗ ಇರಲಿಲ್ಲ. ಆಘಾತದ ನಂತರದ ಮನೋವ್ಯಾಧಿಗೆ ಅಮೆರಿಕದ ಮನೋವೈದ್ಯರು ಅಧಿಕೃತ ಹೆಸರು ಕೊಟ್ಟಿದ್ದು 1980ರಲ್ಲಿ. 1973ರ ಯುದ್ಧದಲ್ಲಿ ಸೆರೆಯಾಗಿದ್ದ ಇಸ್ರೇಲಿ ಸೈನಿಕರನ್ನು ದಶಕಗಳ ಕಾಲ ಪರೀಕ್ಷಿಸಿದ ಜಹಾವಾ ಸೊಲೊಮನ್ ಅವರ ಅಧ್ಯಯನಗಳಲ್ಲಿ, ಕೆಲವರ ನೋವು ವಯಸ್ಸಾದಂತೆ ಹೆಚ್ಚಿದ್ದು ಕಂಡುಬಂತು. ಮನೆ, ಮಕ್ಕಳು, ಉದ್ಯೋಗ ಎಲ್ಲ ಇದ್ದೂ!

ಸಿರುಗುಪ್ಪ, ಕುರುಗೋಡು ಕಡೆಯ ವಿದ್ಯಾರ್ಥಿಗಳಲ್ಲಿ ಒಂದು ಕೋರಿಕೆ. ನಿಮ್ಮ ಮನೆತನದಲ್ಲಿ ಪಲ್ಟನ್‌ಗೆ ಹೋಗಿ ಸೆರೆಯಾಗಿ ಬಂದ ಅಜ್ಜ, ಮುತ್ತಜ್ಜ ಯಾರಾದರೂ ಇದ್ದರೆ, ಅವರ ಪಿಂಚಣಿ ಕಾಗದ, ಪತ್ರ, ಪದಕಗಳನ್ನು ಜೋಪಾನವಾಗಿಡಿ. ಅವರು ರಾತ್ರಿ ಬೆಚ್ಚಿ ಏಳುತ್ತಿದ್ದರೇ, ಬಾಗಿಲು ಹಾಕಿದರೆ ಸಿಟ್ಟಾಗುತ್ತಿದ್ದರೇ ಎಂದು ಅಜ್ಜಿಯನ್ನು ಕೇಳಿ ಬರೆದುಕೊಳ್ಳಿ.