ಮುಳುಗಿದ ಹೊಲಕ್ಕೆ ಬೆಲೆ ಎಷ್ಟು?

ಕರೂರು ಹೋಬಳಿಯ ಹಸುರನ್ನು ಇಂದು ನೋಡಿದವರಿಗೆ, ಸಿರುಗುಪ್ಪ ಸೀಮೆಯ ಬಹುಪಾಲು ನೆಲ ಒಂದು ಕಾಲಕ್ಕೆ ಮುಗಿಲು ನೋಡಿ ಜೋಳ, ಹತ್ತಿ ಬಿತ್ತುತ್ತಿದ್ದ ಖುಷ್ಕಿ ಜಮೀನೆಂದರೆ ನಂಬುವುದು ಕಷ್ಟ. ಹೊಳೆಯ ಅಂಚಿನಲ್ಲಿ ವಿಜಯನಗರದ ಕಾಲದ ಸಿರುಗುಪ್ಪ, ದೇಶನೂರು ಕಾಲುವೆಗಳು ನೀರುಣಿಸುತ್ತಿದ್ದ ಗದ್ದೆಗಳಿದ್ದುವು. ಉಳಿದ ಎರೆ ನೆಲಕ್ಕೆ ಮಳೆಯೇ ಗತಿ. 1876ರಿಂದ 1878ರವರೆಗಿನ ಭೀಕರ ಬರದಲ್ಲಿ ಬಳ್ಳಾರಿ ಜಿಲ್ಲೆ ಪಟ್ಟ ಪಾಡು ಸಣ್ಣದಲ್ಲ. ಈ ಸೀಮೆಯ ಬಾಳನ್ನು ಬದಲಿಸಿದುದು ತುಂಗಭದ್ರೆಯ ನೀರು. ಆ ನೀರಿನ ಕಥೆಯನ್ನು ನಾವು ಬಹಳ ಸಲ ಹೇಳಿಕೊಂಡಿದ್ದೇವೆ. ಅದಕ್ಕಾಗಿ ಹೊಲ ಬಿಟ್ಟುಕೊಟ್ಟವರಿಗೆ ಬೆಲೆ ಕಟ್ಟಿದ ಬಗೆ ಹೇಗಿತ್ತೆಂಬುದನ್ನು ನಾನಿಲ್ಲಿ ಹೇಳಬೇಕೆಂದಿದ್ದೇನೆ.

ಅಣೆಕಟ್ಟಿಗೆ ಅಡಿಗಲ್ಲು ಬಿದ್ದುದು 1945ರ ಫೆಬ್ರವರಿ 28ರಂದು. ಮದರಾಸಿನ ಗವರ್ನರ್ ಸರ್ ಆರ್ಥರ್ ಹೋಪ್ ಬಳ್ಳಾರಿಯ ದಡದಲ್ಲಿಯೂ ಬೇರಾರಿನ ರಾಜಕುಮಾರರು ಹೈದರಾಬಾದಿನ ದಡದಲ್ಲಿಯೂ ಕಲ್ಲಿಟ್ಟರು. 1953ರ ಜುಲೈ ತಿಂಗಳಲ್ಲಿ ಕಾಲುವೆಗೆ ನೀರು ಬಿಟ್ಟರು. ಅದೇ ವರ್ಷದ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರನ್ನು ಸೇರಿತು. ಜಲಾಶಯ ತುಂಬಿದರೆ ನೀರು ಹರಡುವುದು ಸುಮಾರು 378 ಚದರ ಕಿಲೋಮೀಟರು. ಅಷ್ಟು ನೆಲದಲ್ಲಿ ಹೊಲಗಳಿದ್ದುವು, ಗುಡಿಗಳಿದ್ದುವು, ಊರುಗಳಿದ್ದುವು. ಹೊಸಪೇಟೆಯ ಮೇಲುಗಡೆಯಿದ್ದ ನಾರಾಯಣದೇವರಕೆರೆ ಹೀಗೆ ಮುಳುಗಿದ ಊರು. ಅಲ್ಲಿಯ ಜನ ಮರಿಯಮ್ಮನಹಳ್ಳಿಯಲ್ಲಿ ಬಂದು ನೆಲೆಸಿದರು.

ಆಗ ಬ್ರಿಟಿಷ್ ಇಂಡಿಯಾದಲ್ಲಿ ಜಾರಿಯಲ್ಲಿದ್ದುದು 1894ರ ಭೂಸ್ವಾಧೀನ ಕಾಯಿದೆ. ಅದರ ಲೆಕ್ಕ ಹೊರನೋಟಕ್ಕೆ ಸರಳ. ಸರಕಾರ ಮೊದಲ ಪ್ರಕಟಣೆ ಹೊರಡಿಸಿದ ದಿನ ಜಮೀನಿಗೆ ಪೇಟೆಯಲ್ಲಿ ಏನು ಬೆಲೆಯೋ ಅದು. ಬಲವಂತದಿಂದ ತೆಗೆದುಕೊಂಡುದಕ್ಕಾಗಿ ಅದರ ಮೇಲೆ ನೂರಕ್ಕೆ ಹದಿನೈದು. ಒಪ್ಪದವನು ತನ್ನ ತಕರಾರನ್ನು ನ್ಯಾಯಾಲಯಕ್ಕೆ ಕಳಿಸೆಂದು ಕೇಳಬಹುದು. ಆದರೆ ಪೇಟೆಯ ಬೆಲೆಯನ್ನು ತಿಳಿಯುವುದೆಲ್ಲಿಂದ? ಅಕ್ಕಪಕ್ಕದ ಹೊಲಗಳ ಕ್ರಯಪತ್ರಗಳಿಂದ. ಮುದ್ರೆಯ ಕಾಗದದ ಖರ್ಚು ಉಳಿಸಲು ಪತ್ರದಲ್ಲಿ ಬೆಲೆ ಇಳಿಸಿ ಬರೆಸುವುದು ನಮ್ಮಲ್ಲಿ ಹಳೆಯ ರೂಢಿ. ಪತ್ರವಿಲ್ಲದ ಕಡೆ ಕಂದಾಯದ ದಾಖಲೆ. ಬಳ್ಳಾರಿಯಲ್ಲಿ ಅದರ ಬೇರು 1800ರಿಂದ 1807ರವರೆಗೆ ಇಲ್ಲಿ ಕಲೆಕ್ಟರಾಗಿದ್ದ ತಾಮಸ್ ಮನ್ರೋ ಹೊಲಹೊಲ ಅಳೆಯಿಸಿದ ಮೋಜಣಿಯಲ್ಲಿದೆ. ಖುಷ್ಕಿಯೆಂದು ಬರೆದಿದ್ದರೆ ಖುಷ್ಕಿಯ ಬೆಲೆಯೇ.

ಇಷ್ಟಾದರೂ ಇದು ಆಧಾರದ ದೋಷವಾಯಿತು. ಕಾಯಿದೆಯ ಮನಸ್ಸು ತಿಳಿಯಬೇಕಾದರೆ 24ನೆಯ ಕಲಮನ್ನು ನೋಡಬೇಕು. ಪರಿಹಾರ ಗೊತ್ತುಮಾಡುವಾಗ ಗಮನಕ್ಕೆ ತರಬಾರದ ಸಂಗತಿಗಳ ಪಟ್ಟಿ ಅಲ್ಲಿದೆ. ಒಡೆಯನಿಗೆ ಜಮೀನು ಬಿಡಲು ಮನಸ್ಸಿಲ್ಲವೆಂಬುದನ್ನು ಎಣಿಸಬಾರದು. ಜಮೀನನ್ನು ಯಾವ ಕೆಲಸಕ್ಕೆ ತೆಗೆದುಕೊಂಡರೋ ಆ ಕೆಲಸದಿಂದ ಅದಕ್ಕೆ ಏರುವ ಬೆಲೆಯನ್ನೂ ಎಣಿಸಬಾರದು. ಹಾಗೆಯೇ, ಅದೇ ಒಡೆಯನಿಗೆ ಉಳಿದ ಜಮೀನಿನ ಬೆಲೆ ಆ ಕೆಲಸದಿಂದ ಏರಿದರೆ ಅದನ್ನು ಪರಿಹಾರದಲ್ಲಿ ಕಳೆಯಬಾರದು.

ಲಾಭವನ್ನು ಕೂಡುವುದೂ ಇಲ್ಲ, ಕಳೆಯುವುದೂ ಇಲ್ಲ. ತಕ್ಕಡಿ ಸಮವಾಗಿಯೇ ಕಾಣುತ್ತದೆ. ಆದರೆ ಮೂವರು ರೈತರನ್ನು ಊಹಿಸಿಕೊಳ್ಳಿ. ಮೂವರಿಗೂ ಐದೈದು ಎಕರೆ ಖುಷ್ಕಿ. ಒಬ್ಬನದು ಜಲಾಶಯದಲ್ಲಿ ಪೂರ್ತಿ ಮುಳುಗಿತು. ಖುಷ್ಕಿಯ ಬೆಲೆ ಬಂತು, ಕಥೆ ಮುಗಿಯಿತು. ಇನ್ನೊಬ್ಬನದು ಸಿರುಗುಪ್ಪ ಸೀಮೆಯಲ್ಲಿದೆ. ಅರ್ಧ ಎಕರೆ ಕಾಲುವೆಗೆ ಹೋಯಿತು, ಅದಕ್ಕೆ ಹಣ ಬಂತು, ಉಳಿದ ನಾಲ್ಕೂವರೆ ಎಕರೆಗೆ ನೀರೂ ಬಂತು. ಮೂರನೆಯವನು ಒಂದು ಗುಂಟೆಯನ್ನೂ ಕಳೆದುಕೊಳ್ಳಲಿಲ್ಲ. ನೀರು ಮಾತ್ರ ಬಂತು. ಕಾಯಿದೆ ಎಣಿಸಬಾರದೆಂದ ಆ ಏರಿದ ಬೆಲೆ ಎಲ್ಲಿಗೂ ಹೋಗಿರಲಿಲ್ಲ. ಕೆಳಗಿನ ಹೊಲಗಳಲ್ಲಿ ಭತ್ತವಾಗಿ ನಿಂತಿತ್ತು. ಮೇಲಿನ ಹೊಲ ಮುಳುಗದಿದ್ದರೆ ಅದು ಬೆಳೆಯುತ್ತಿರಲಿಲ್ಲ.

ಇದಕ್ಕೆ ಸರಕಾರದ ಕಡೆಯ ಉತ್ತರವೂ ಹಗುರವಾದುದಲ್ಲ. ಅಣೆಕಟ್ಟು ಕಟ್ಟಿದುದು ಸಾರ್ವಜನಿಕರ ಹಣದಿಂದ. ಆ ಹಣ ಹುಟ್ಟಿಸಿದ ಬೆಲೆಯನ್ನು ಜಮೀನು ಕೊಟ್ಟವನಿಗೇ ತೆರಬೇಕೆಂದರೆ ಯಾವ ಕಾಲುವೆಯೂ ಮೇಲೇಳದು. 1939ರಲ್ಲಿ ಪ್ರಿವಿ ಕೌನ್ಸಿಲ್ ವಿಶಾಖಪಟ್ಟಣದ ಒಂದು ಮೊಕದ್ದಮೆಯಲ್ಲಿ ಈ ಗೆರೆಯನ್ನು ಸ್ಪಷ್ಟಪಡಿಸಿತು. ಅಲ್ಲಿಯ ಜಮೀನಿನಲ್ಲಿ ಒಂದು ಒರತೆಯಿತ್ತು, ಬಂದರಿಗೆ ಆ ನೀರು ಬೇಕಾಗಿತ್ತು. ಕೊಳ್ಳುವವನು ಒಬ್ಬನೇ ಆದರೂ ಜಮೀನಿನಲ್ಲಿರುವ ಅನುಕೂಲಕ್ಕೆ ಬೆಲೆಯುಂಟು ಎಂದಿತು ಕೌನ್ಸಿಲ್. ಒರತೆ ಆ ಒಡೆಯನ ನೆಲದಲ್ಲಿತ್ತು. ಮುಳುಗಿದ ಹೊಲದ ರೈತನಿಗೆ ಅಂಥ ವಾದವಿಲ್ಲ. ನೀರು ಅವನದಲ್ಲ, ಅವನ ಮೇಲೆ ಬಂದುದು.

ಆದರೂ ನನಗೆ ಆ ಉತ್ತರ ಪೂರ್ತಿಯೆನಿಸುವುದಿಲ್ಲ. ಏಕೆಂದರೆ ಏರಿದ ಬೆಲೆಯನ್ನು ಅಳೆಯಲು ಬರುತ್ತದೆಂದು ಸರಕಾರಗಳೇ ಒಪ್ಪಿದ್ದುವು. ನೀರಾವರಿಯಿಂದ ಜಮೀನಿನ ಬೆಲೆ ಏರಿದವರಿಂದ ಅಭಿವೃದ್ಧಿ ವಂತಿಗೆ ಪಡೆಯಲು ಮದರಾಸು 1955ರಲ್ಲಿ, ಮೈಸೂರು 1957ರಲ್ಲಿ ಕಾಯಿದೆ ಮಾಡಿದುವು. ಅಂದರೆ ಬೊಕ್ಕಸಕ್ಕೆ ತರುವಾಗ ಆ ಏರಿಕೆ ಲೆಕ್ಕಕ್ಕೆ ಸಿಕ್ಕಿತು. ಮುಳುಗಿದವನಿಗೆ ಕೊಡುವಾಗ ಸಿಕ್ಕಲಿಲ್ಲ.

ಮುಂದಿನ ಚರಿತ್ರೆ ನಿಧಾನವಾದುದು. 1953ರ ಕೊನೆಗೆ ಬೇಲಾ ಬ್ಯಾನರ್ಜಿ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಪರಿಹಾರವೆಂದರೆ ಕಳೆದುಕೊಂಡುದಕ್ಕೆ ಸರಿಸಮನಾದುದು ಎಂದಿತು. 1955ರ ನಾಲ್ಕನೆಯ ತಿದ್ದುಪಡಿ, ಪರಿಹಾರ ಸಾಕೇ ಸಾಲದೇ ಎಂಬ ಪ್ರಶ್ನೆಯನ್ನು ನ್ಯಾಯಾಲಯದ ಕೈಯಿಂದ ತೆಗೆಯಿತು. 1984ರಲ್ಲಿ ಹದಿನೈದು ಮೂವತ್ತಾಯಿತು. ನೆರೆಯವನು ನ್ಯಾಯಾಲಯದಲ್ಲಿ ಹೆಚ್ಚು ಪಡೆದರೆ, ಅದೇ ಪ್ರಕಟಣೆಯಲ್ಲಿ ಜಮೀನು ಕಳೆದುಕೊಂಡು ದಾವೆಗೆ ಹೋಗದವನೂ ಅರ್ಜಿ ಹಾಕಿ ಆ ದರ ಕೇಳಬಹುದೆಂದಾಯಿತು. ವಕೀಲರ ಮನೆಯ ದಾರಿ ತಿಳಿಯದ ರೈತನಿಗೆ ಇದು ದೊಡ್ಡ ಮಾತು. 2013ರ ಕಾಯಿದೆ 1894ರ ಕಾಯಿದೆಯನ್ನೇ ತೆಗೆದುಹಾಕಿ, ಮೂವತ್ತನ್ನು ನೂರಕ್ಕೆ ನೂರು ಮಾಡಿತು.

ಅದೇ 2013ರ ಕಾಯಿದೆಯ ಎರಡನೆಯ ಅನುಸೂಚಿಯಲ್ಲಿ ಇನ್ನೊಂದು ಮಾತಿದೆ. ನೀರಾವರಿ ಯೋಜನೆಗೆ ಜಮೀನು ಕಳೆದುಕೊಂಡ ಕುಟುಂಬಕ್ಕೆ, ಹಣದ ಬದಲಾಗಿ, ಸಾಧ್ಯವಾದಮಟ್ಟಿಗೆ ಆ ಯೋಜನೆಯ ಅಚ್ಚುಕಟ್ಟಿನಲ್ಲೇ ಕನಿಷ್ಠ ಒಂದು ಎಕರೆ ಕೊಡಬೇಕು. ‘ಸಾಧ್ಯವಾದಮಟ್ಟಿಗೆ’ ಎಂಬ ಪದದಲ್ಲಿ ಎಷ್ಟು ಎಕರೆ ಕಳೆದುಹೋಗುವುದೋ ಹೇಳಬಲ್ಲವರಾರು! ಆದರೂ ನೀರಿಗೆ ನೆಲ ಕೊಟ್ಟವನಿಗೆ ಆ ನೀರಿನಲ್ಲಿ ಪಾಲುಂಟೆಂಬ ಮಾತು ಅಲ್ಲಿ ಬರಹಕ್ಕೆ ಬಂದಿದೆ. ನಾರಾಯಣದೇವರಕೆರೆಯ ಜನ ಊರು ಬಿಟ್ಟು ಅರವತ್ತು ವರ್ಷವಾದ ಮೇಲೆ ಅದು ಬಂತು. ಅವರ ಕಾಲಕ್ಕೆ ಬಂದಿದ್ದರೆ, ಸಿರುಗುಪ್ಪ ಸೀಮೆಯ ಗದ್ದೆಬಯಲಿನಲ್ಲಿ ಅವರದೂ ಒಂದೊಂದು ಎಕರೆ ಇರಬಹುದಾಗಿತ್ತು.